ಊರಿಗೆಲ್ಲ ಗೊತ್ತಿದ್ರೂ ಯಾಕ್ ಯಾರೂ ಬಾಯಿ ಬಿಡಲ್ಲ?

ಪ್ರಶ್ನೆ: ಕಣ್ಣೆದುರಿಗೇ ಅನ್ಯಾಯ ನಡೀತಿದ್ರೂ ಜನ ಯಾಕ್ ಸುಮ್ನಿರ್ತಾರೆ? ಅವ್ರೆಲ್ಲ ಕೆಟ್ಟೋರಾ?

ಈ ಪ್ರಶ್ನೆ ಬಂದಾಗೆಲ್ಲ ನಂಗೆ ಕಂಬಾಲಪಲ್ಲಿನೇ ನೆನಪಾಗೋದು. ಚಿಂತಾಮಣಿ ತಾಲ್ಲೂಕು, 2000ನೇ ಇಸ್ವಿ ಮಾರ್ಚ್ 11, ಏಳು ಜನ ದಲಿತರನ್ನ ಸುಟ್ಟು ಕೊಂದ್ರು. ನಡೆದಿದ್ದು ಕಾಡಲ್ಲಲ್ಲ, ಊರಲ್ಲಿ. ಆದ್ರೆ 2006ರಲ್ಲಿ ತೀರ್ಪು ಬಂದಾಗ ಆರೋಪಿಗಳೆಲ್ಲ ಖುಲಾಸೆ, ಯಾಕಂದ್ರೆ ಸಾಕ್ಷಿಗಳು ಒಬ್ಬೊಬ್ರಾಗಿ ತಿರುಗಿಬಿದ್ದಿದ್ರು, ಏಳು ಹೆಣ ಇತ್ತು, ಸುಟ್ಟೋರು ಯಾರು ಅಂತ ಹೇಳೋಕೆ ಮಾತ್ರ ಯಾರೂ ಉಳೀಲಿಲ್ಲ. ಇದನ್ನ ಬರೆಯೋವಾಗ್ಲೂ ಹೊಟ್ಟೆ ಉರಿಯುತ್ತೆ.

ಹಂಗಂತ ಎಲ್ರಿಗೂ ಮನಸ್ಸಾಕ್ಷಿ ಸತ್ತೋಗಿತ್ತು ಅನ್ನಕ್ಕಾಗಲ್ಲ. 1950ರ ಸುಮಾರಿಗೆ ಅಮೆರಿಕದಲ್ಲಿ ಸೊಲೊಮನ್ ಆಶ್ ಅನ್ನೋ ಮನಃಶಾಸ್ತ್ರಜ್ಞ ಒಂದು ಪ್ರಯೋಗ ಮಾಡಿದ್ರು, ಮೂರು ಗೆರೆ ತೋರಿಸಿ ಇದ್ರಲ್ಲಿ ಯಾವ್ದು ಈ ನಾಲ್ಕನೇ ಗೆರೆಯಷ್ಟೇ ಉದ್ದ ಇದೆ ಅಂತ ಕೇಳೋದು, ಮಗು ಕೂಡ ಹೇಳುತ್ತೆ. ಆದ್ರೆ ನಿಜವಾದ ಪರೀಕ್ಷೆ ಒಬ್ಬನಿಗೆ ಮಾತ್ರ, ರೂಮಲ್ಲಿದ್ದ ಮಿಕ್ಕೋರೆಲ್ಲ ಮೊದ್ಲೇ ಮಾತಾಡ್ಕೊಂಡು ಬೇಕಂತ್ಲೇ ತಪ್ಪು ಹೇಳೋರು. ಆಗ ಹಿಂಗೆ ಪರೀಕ್ಷೆಗೆ ಕೂತೋರಲ್ಲಿ ನಾಲ್ಕರಲ್ಲಿ ಮೂರು ಜನ ಒಂದ್ಸಲನಾದ್ರೂ ಆ ತಪ್ಪಿಗೇ ಹೂಂ ಅಂದ್ರು! ಗೆರೆ ವಿಷ್ಯಕ್ಕೇ ಹಿಂಗೆ, ಅಲ್ಲಿ ಕೂಲಿ ತಪ್ಪಲ್ಲ, ಯಾರೂ ಮನೆಗೆ ಬೆಂಕಿ ಇಡಲ್ಲ. ನಮ್ಮ ಹಳ್ಳಿಲಿ ಸಾಕ್ಷಿ ಹೇಳೋನು ಮಾರನೇ ದಿನ ಅದೇ ಗೌಡ್ರ ಹೊಲಕ್ಕೆ ಕೆಲ್ಸಕ್ಕೆ ಹೋಗ್ಬೇಕು, ಅಂಗಡಿಲಿ ಸಾಮಾನು ಕೊಡ್ಬೇಡಿ, ಅವ್ರ ಜೊತೆ ಮಾತಾಡ್ಬೇಡಿ ಅಂತ ಬಹಿಷ್ಕಾರ ಹಾಕಿದ್ರೆ ಮಕ್ಕಳಿಗೆ ಏನ್ ತಿನ್ಸೋದು? ಅಂಥೋರ ಮೌನನೂ, ಬಾಯಿ ಬಿಟ್ರೂ ಕಳ್ಕೊಳ್ಳೋದು ಏನೂ ಇಲ್ದೆ ಜಗಲಿ ಮೇಲೆ ಕೂತಿರೋ ಜಮೀನ್ದಾರನ ಮೌನನೂ ಒಂದೇ ಅಂತ ನಾನಂತೂ ಒಪ್ಪಲ್ಲ.

ಸಾಕ್ಷಿಗಳಿಗೆ ರಕ್ಷಣೆ ಕೊಡೋ ಸ್ಕೀಮನ್ನ ಸುಪ್ರೀಂ ಕೋರ್ಟ್ ಒಪ್ಪಿ ಜಾರಿಗೆ ತಂದಿದ್ದು 2018ರ ಡಿಸೆಂಬರಲ್ಲಿ, ಕಂಬಾಲಪಲ್ಲಿ ಆಗಿ 18 ವರ್ಷ ಆದ್ಮೇಲೆ.

ಆಶ್ ಪ್ರಯೋಗದಲ್ಲಿ ಇನ್ನೊಂದಿದೆ, ಗುಂಪಲ್ಲಿ ಒಬ್ನೇ ಒಬ್ಬ ಸರಿಯಾಗಿ ಹೇಳಿದ್ರೂ ಸಾಕು, ಪಕ್ಕದಲ್ಲಿದ್ದೋನು ತಪ್ಪಿಗೆ ತಲೆ ಆಡ್ಸೋದು ತುಂಬಾ ಕಮ್ಮಿ ಆಗ್ತಿತ್ತು. ನಾನು ಚಿಕ್ಕೋನಿದ್ದಾಗ ನಮ್ಮ ಕಡೆ ಒಂದು ಹೋಟ್ಲಲ್ಲಿ ದಲಿತರಿಗೆ ಬೇರೆ ಲೋಟ ಇಡ್ತಿದ್ರು, ಅವ್ರೇ ಕುಡಿದು ಅವ್ರೇ ತೊಳೆದಿಡ್ಬೇಕು. ಒಳಗೆ ಕೂತಿರ್ತಿದ್ದ ಹತ್ತಾರು ಜನರಲ್ಲಿ ಯಾರೂ ನಂಗೂ ಅದೇ ಲೋಟದಲ್ಲಿ ಕೊಡಿ ಅನ್ಲಿಲ್ಲ. ನಾನು ಅಪ್ಪನ ಪಕ್ಕ ಕೂತು ಇಡ್ಲಿ ತಿಂತಿದ್ದೆ.