ಅದು ಈಡುಗಾಯಿ ಅಲ್ಲ ಮಾರಾಯ್ರೇ

ಕಾಲೇಜಿನವರು ಮಾತಾಡಲು ಕರೆದಾಗಲೆಲ್ಲ ನಾನು ಮೊದಲು ಒಂದು ಪ್ರಶ್ನೆ ಕೇಳುತ್ತೇನೆ. ಯುರೇನಿಯಂ ನ್ಯೂಕ್ಲಿಯಸ್ ಒಡೆಯಬೇಕಾದರೆ ನ್ಯೂಟ್ರಾನ್ ಎಷ್ಟು ಜೋರಾಗಿ ಬರಬೇಕು? ಇಷ್ಟು ವರ್ಷದಲ್ಲಿ ಉತ್ತರ ಬದಲಾಗಿಲ್ಲ. ‘ತುಂಬಾ ಜೋರಾಗಿ ಸಾರ್.’ ಕಳೆದ ಸಲ ಒಬ್ಬ ಹುಡುಗ ಎದ್ದು ನಿಂತು, ಎರಡೂ ಕೈ ತಲೆ ಮೇಲೆತ್ತಿ, ಗಣಪತಿ ಗುಡಿ ಮುಂದೆ ಈಡುಗಾಯಿ ಹೊಡೆಯುವ ಹಾಗೆ ತೋರಿಸಿಯೇಬಿಟ್ಟ. ಹುಡುಗರದ್ದು ಬಿಡಿ, ಪಾಠ ಮಾಡುವವರೂ ಇದನ್ನೇ ಹೇಳುತ್ತಾರೆ. ಸರ್ವೀಸ್ ಪೂರ್ತಿ ರಿಯಾಕ್ಟರ್ ಆಪರೇಟರುಗಳಿಗೆ ಪಾಠ ಹೇಳಿದವನು ನಾನು, ಇದನ್ನು ಕೇಳಿ ಕೇಳಿ ಕಿವಿ ಬಿಸಿಯಾಗಿದೆ.

ವಿಷಯ ತಲೆಕೆಳಗು. ಯುರೇನಿಯಂ-235ರಲ್ಲಿ, ಅಂದರೆ ಸುಲಭವಾಗಿ ಒಡೆಯುವ ಬಗೆಯ ಯುರೇನಿಯಂನಲ್ಲಿ, ನ್ಯೂಟ್ರಾನ್ ನಿಧಾನವಾಗಿ ಬಂದರೇ ಕೆಲಸ ಆಗುವುದು ಜಾಸ್ತಿ. ಒಡೆದಾಗ ಹೊರಬೀಳುವ ನ್ಯೂಟ್ರಾನ್ ಸೆಕೆಂಡಿಗೆ ಸುಮಾರು 20 ಸಾವಿರ ಕಿಲೋಮೀಟರ್ ವೇಗದಲ್ಲಿರುತ್ತದೆ. ಅದನ್ನು ಎರಡು ಕಿಲೋಮೀಟರ್ ಚಿಲ್ಲರೆಗೆ ಇಳಿಸಿದರೆ ಇನ್ನೊಂದು ನ್ಯೂಕ್ಲಿಯಸ್ ಒಡೆಯುವ ಸಾಧ್ಯತೆ ನೂರಾರು ಪಟ್ಟು ಏರುತ್ತದೆ. ರಿಯಾಕ್ಟರ್ ಅನ್ನುವುದೇ ಈ ಇಳಿಸುವ ಕೆಲಸದ ಮೇಲೆ ನಿಂತಿದೆ.

ಯಾಕೆ ಹೀಗೆ? ಕೆಸುವಿನ ಎಲೆ ಮೇಲೆ ನಿಂತ ದಪ್ಪ ನೀರಿನ ಹನಿ ನೋಡಿದ್ದೀರಲ್ವಾ, ಎಲೆ ಸ್ವಲ್ಪ ಅಲ್ಲಾಡಿದರೂ ಉದ್ದವಾಗಿ, ನಡುವೆ ಸಣ್ಣಗಾಗಿ, ಎರಡಾಗಿಬಿಡುತ್ತದೆ. ಯುರೇನಿಯಂ ನ್ಯೂಕ್ಲಿಯಸ್ ಆ ಹನಿ. ಒಳಗೆ 92 ಪ್ರೋಟಾನುಗಳು ಒಂದನ್ನೊಂದು ತಳ್ಳುತ್ತಾ ಕೂತಿವೆ, ಹೇಗೋ ಹಿಡಿದುಕೊಂಡಿದೆ ಅಷ್ಟೆ. ಒಂದು ನ್ಯೂಟ್ರಾನ್ ಸುಮ್ನೆ ಒಳಗೆ ಬಂದು ಸೇರಿದರೆ ಸಾಕು. ಸೇರಿದ್ದಕ್ಕೇ ಬಿಡುಗಡೆಯಾಗುವ ಶಕ್ತಿಯಿಂದ ಹನಿ ನಡುಗುತ್ತದೆ, ಒಡೆಯುತ್ತದೆ. ಹೊಡೆತ ಬೇಡ, ಪ್ರವೇಶ ಬೇಕು. ನಿಧಾನವಾಗಿ ಬಂದದ್ದನ್ನು ಹಿಡಿಯುವುದು ಸುಲಭ. ಕ್ಯಾಚ್ ಹಿಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ನಿಧಾನ ಮಾಡುವುದು ಹೇಗೆ ಎಂದು ಗೋಲಿ ಆಡಿದವರನ್ನು ಕೇಳಿ. ಗೋಲಿ ಗುಂಡುಕಲ್ಲಿಗೆ ತಾಗಿದರೆ ಅದೇ ವೇಗದಲ್ಲಿ ವಾಪಸ್. ಇನ್ನೊಂದು ಗೋಲಿಗೆ ನೇರವಾಗಿ ತಾಗಿದರೆ ಇದು ನಿಲ್ಲುತ್ತದೆ, ಅದು ಓಡುತ್ತದೆ. ನ್ಯೂಟ್ರಾನಿನಷ್ಟೇ ತೂಕದ ಗೋಲಿ ಹೈಡ್ರೋಜನ್. ನೀರಲ್ಲಿದೆ, ಮೇಣದಲ್ಲಿದೆ, ಮರದಲ್ಲೂ ಇದೆ.

ಇದು ಗೊತ್ತಾದದ್ದು 1934ರಲ್ಲಿ, ರೋಮ್‌ನಲ್ಲಿ, ಮೇಜಿನಿಂದ. ಬೆಳ್ಳಿಗೆ ನ್ಯೂಟ್ರಾನ್ ತಾಗಿಸಿದರೆ ಅಮೃತಶಿಲೆಯ ಮೇಜಿನ ಮೇಲಿಗಿಂತ ಮರದ ಮೇಜಿನ ಮೇಲೆ ಅದು ಜಾಸ್ತಿ ವಿಕಿರಣಶೀಲವಾಗುತ್ತಿತ್ತು. ಅಲ್ಲಿನ ಭೌತವಿಜ್ಞಾನಿ ಫರ್ಮಿ ನಡುವೆ ಇಡಲು ಸೀಸದ ತುಂಡು ಮಾಡಿಸಿಟ್ಟಿದ್ದರು, ಕೊನೇ ಗಳಿಗೆಯಲ್ಲಿ ಯಾಕೋ ಪ್ಯಾರಾಫಿನ್ ಮೇಣ ಇಟ್ಟರು. ವಿಕಿರಣದ ಎಣಿಕೆ ಒಮ್ಮೆಲೇ ಏರಿತು. ಆದರೆ ಅದೇ ವರ್ಷ ಯುರೇನಿಯಂಗೆ ನ್ಯೂಟ್ರಾನ್ ತಾಗಿಸಿದಾಗ ಹುಟ್ಟಿದ್ದು ಯುರೇನಿಯಂಗಿಂತ ಭಾರದ ಹೊಸ ಮೂಲವಸ್ತು ಎಂದು ನಂಬಿದರು. ಚೂರುಗಳಾಗಿರಬಹುದಲ್ಲಾ ಎಂದು ಜರ್ಮನಿಯ ರಸಾಯನವಿಜ್ಞಾನಿ ಇಡಾ ನೊಡ್ಡಾಕ್ ಬರೆದರು, ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಕೇಳದವರ ತಲೆಯಲ್ಲೂ ನಮ್ಮ ಈಡುಗಾಯಿಯೇ ಇತ್ತು ಅನ್ನಿಸುತ್ತದೆ. ಇಷ್ಟು ಸಣ್ಣ ನ್ಯೂಟ್ರಾನ್ ಅಷ್ಟು ದೊಡ್ಡದನ್ನು ಒಡೆಯುವುದುಂಟೇ?

1938ರ ಡಿಸೆಂಬರ್‌ನಲ್ಲಿ ಬರ್ಲಿನ್‌ನಲ್ಲಿ ರಸಾಯನವಿಜ್ಞಾನಿಗಳಾದ ಓಟೋ ಹಾನ್, ಫ್ರಿಟ್ಸ್ ಸ್ಟ್ರಾಸ್‌ಮನ್ ಇಬ್ಬರೂ ನ್ಯೂಟ್ರಾನ್ ತಾಗಿಸಿದ ಯುರೇನಿಯಂನಿಂದ ಬೇರ್ಪಡಿಸಲು ಹೊರಟದ್ದು ರೇಡಿಯಂ ಅಂದುಕೊಂಡದ್ದನ್ನು, ಕೈಗೆ ಸಿಕ್ಕಿದ್ದು ಬೇರಿಯಂ, ಯುರೇನಿಯಂನ ಸುಮಾರು ಅರ್ಧ ತೂಕದ್ದು. ಅವರ ಸಲಕರಣೆಗಳನ್ನು ಮ್ಯೂನಿಕ್‌ನ ಮ್ಯೂಸಿಯಂನಲ್ಲಿ ಒಂದೇ ಮೇಜಿನ ಮೇಲೆ ಜೋಡಿಸಿಟ್ಟಿದ್ದಾರೆ (ಆಗ ಬೇರೆ ಬೇರೆ ಕೋಣೆಗಳಲ್ಲಿದ್ದವು). ಫೋಟೊ ನೋಡಿ. ಬ್ಯಾಟರಿ, ವೈರು, ಕೌಂಟರುಗಳ ನಡುವೆ ಒಂದು ದುಂಡನೆಯ ಮೇಣದ ಗಟ್ಟಿ ಇದೆ. ಯಾರೂ ಅದನ್ನು ಗಮನಿಸುವುದಿಲ್ಲ. ನನಗೆ ಅಲ್ಲಿ ಕಾಣುವುದೇ ಅದು.

ನ್ಯೂಕ್ಲಿಯಸ್ ಒಡೆದಿದೆ ಎಂದು ಇದರ ಅರ್ಥ ಹೇಳಿದ್ದು ಹಾನ್ ಜೊತೆ ಕೆಲಸ ಮಾಡಿದ್ದ ಭೌತವಿಜ್ಞಾನಿ ಲೀಸ್ ಮೈಟ್ನರ್. ಯಹೂದಿ ಮೂಲದವರೆಂದು ಆ ಜುಲೈನಲ್ಲೇ ಜರ್ಮನಿ ಬಿಟ್ಟು ಓಡಬೇಕಾಯಿತು, ಹೊರಡುವಾಗ ಹಾನ್ ತನ್ನ ತಾಯಿಯ ವಜ್ರದ ಉಂಗುರ ಕೊಟ್ಟಿದ್ದರು, ಗಡಿಯಲ್ಲಿ ಬೇಕಾದರೆ ಲಂಚ ಕೊಡಲು. ಸ್ವೀಡನ್‌ನ ಹಿಮದಲ್ಲಿ ಅಕ್ಕನ ಮಗ ಫ್ರಿಶ್ ಸ್ಕೀ ಮೇಲೆ, ಈಕೆ ನಡೆದು. ಒಂದು ಮರದ ದಿಮ್ಮಿ ಮೇಲೆ ಕೂತು ಚೀಟಿಯಲ್ಲಿ ಲೆಕ್ಕ ಹಾಕಿದರು. ಹನಿ ಒಡೆಯುವ ಲೆಕ್ಕ ಅಲ್ಲಿಂದಲೇ ಬಂದದ್ದು. ನೊಬೆಲ್ ಹಾನ್‌ಗೆ ಮಾತ್ರ ಬಂತು, ಅದರ ಸಿಟ್ಟು ನನಗೆ ಇನ್ನೂ ಇಳಿದಿಲ್ಲ.

ಮುಂದೆ ಯುದ್ಧದಲ್ಲೂ ಪ್ರಶ್ನೆ ಅದೇ ಆಯಿತು, ಏನಿಟ್ಟು ನಿಧಾನ ಮಾಡುವುದು? ಮಾಮೂಲಿ ನೀರು ನ್ಯೂಟ್ರಾನ್‌ಗಳನ್ನು ನುಂಗುತ್ತದೆ, ಸಂಸ್ಕರಿಸದ ಯುರೇನಿಯಂನಲ್ಲಿ 235 ಇರುವುದು ಶೇಕಡ 0.7 ಮಾತ್ರ, ಆ ನಷ್ಟ ತಡೆಯದು. ಜರ್ಮನಿಯಲ್ಲಿ ಭೌತವಿಜ್ಞಾನಿ ಬೋಥೆ ಪರೀಕ್ಷಿಸಿದ ಗ್ರಾಫೈಟ್ ಅಷ್ಟು ಶುದ್ಧ ಇರಲಿಲ್ಲ, ಅದು ಆಗುವುದಿಲ್ಲ ಎಂದು ಜರ್ಮನರು ನಾರ್ವೆಯ ಭಾರಜಲದ (ಭಾರದ ಹೈಡ್ರೋಜನ್ ಇರುವ, ನ್ಯೂಟ್ರಾನನ್ನು ಅಷ್ಟಾಗಿ ನುಂಗದ ನೀರು) ಹಿಂದೆ ಬಿದ್ದರು. 1943ರಲ್ಲಿ ಆ ಕಾರ್ಖಾನೆಯ ಯಂತ್ರಗಳನ್ನೇ ನಾರ್ವೆಯವರು ಸಿಡಿಸಿದರು. ಅಷ್ಟರಲ್ಲಿ, 1942ರ ಡಿಸೆಂಬರ್ 2ರಂದೇ, ಶಿಕಾಗೋದಲ್ಲಿ ಫರ್ಮಿ ಶುದ್ಧ ಗ್ರಾಫೈಟ್ ಇಟ್ಟಿಗೆ ಪೇರಿಸಿ ಸರಣಿ ಕ್ರಿಯೆ (ಒಂದು ಒಡೆದಾಗ ಬಂದ ನ್ಯೂಟ್ರಾನ್ ಇನ್ನೊಂದನ್ನು ಒಡೆಯುತ್ತಾ ಹೋಗುವುದು) ನಡೆಸಿದ್ದರು. ಜರ್ಮನಿಗೆ ಬಾಂಬ್ ಸಿಗದಿರಲು ಇದೊಂದೇ ಕಾರಣ ಅನ್ನಲಾರೆ, ಇನ್ನೂ ಹತ್ತಾರು ಇವೆ. ಹಾಗೇ ಹಿರೋಶಿಮಾದ ಬಾಂಬಿನಲ್ಲಿ ಕೆಲಸ ಮಾಡಿದ್ದು ವೇಗದ ನ್ಯೂಟ್ರಾನುಗಳೇ. ಅದಕ್ಕೇ 235ನ್ನು ಅಷ್ಟು ಕಷ್ಟಪಟ್ಟು ಬೇರ್ಪಡಿಸಬೇಕಾಯಿತು. ರಿಯಾಕ್ಟರ್ ಬೇರೆ, ಬಾಂಬ್ ಬೇರೆ.

ಕೈಗಾದಲ್ಲಿರುವ ನಾಲ್ಕು 220 ಮೆಗಾವ್ಯಾಟ್ ರಿಯಾಕ್ಟರುಗಳಲ್ಲಿ ನಿಧಾನ ಮಾಡುವುದು ಭಾರಜಲ. ಆ ಕಡೆ ಹೋದಾಗ ಹೋಟೆಲ್‌ನಲ್ಲಿ ಒಬ್ಬರು ಕೇಳಿದರು, ‘ಆ ನೀರು ಸೋರಿಹೋದ್ರೆ ಅಣುಬಾಂಬ್ ಥರ ಸಿಡಿಯುತ್ತಲ್ವಾ?’ ಇಲ್ಲ ಸ್ವಾಮಿ. ನಿಧಾನ ಮಾಡುವ ನೀರು ಹೋದರೆ ಸರಣಿ ಕ್ರಿಯೆ ನಿಲ್ಲುತ್ತದೆ. ರಾಜಸ್ಥಾನದ ಹಳೇ ರಿಯಾಕ್ಟರುಗಳನ್ನು ಹಾಗೆ ಭಾರಜಲ ಕೆಳಗಿನ ಟ್ಯಾಂಕಿಗೆ ಸುರಿದೇ ನಿಲ್ಲಿಸುತ್ತಿದ್ದರು. ಆದರೆ ನಿಂತ ಮೇಲೂ ಒಳಗೆ ಶಾಖ ಉಳಿಯುತ್ತದೆ, ಫುಕುಶಿಮಾದಲ್ಲಿ ಹಾಳು ಮಾಡಿದ್ದು ಅದೇ. ಚೆರ್ನೋಬಿಲ್‌ನಲ್ಲಿ ನಿಧಾನ ಮಾಡುತ್ತಿದ್ದದ್ದು ಗ್ರಾಫೈಟ್, ನೀರು ಹೋದರೂ ಅದು ಉಳಿದೇ ಇತ್ತು, ಹಾಗಾಗಿ ಎಲ್ಲ ರಿಯಾಕ್ಟರಿಗೂ ಒಂದೇ ಮಾತು ಹೇಳಬೇಡಿ ಎಂದೂ ಸೇರಿಸಿದೆ. ಅವರಿಗೆ ಪೂರ್ತಿ ಸಮಾಧಾನ ಆಗಲಿಲ್ಲ. ಆಗಬೇಕಾಗಿಯೂ ಇಲ್ಲ.

ಈಡುಗಾಯಿ ಹುಡುಗನಿಗೆ ಗ್ಯಾಬೊನ್ ದೇಶದ ಓಕ್ಲೋ ಕಥೆ ಹೇಳಿದೆ. ಸುಮಾರು 200 ಕೋಟಿ ವರ್ಷದ ಹಿಂದೆ, ಯುರೇನಿಯಂನಲ್ಲಿ 235 ಶೇಕಡ 3ರಷ್ಟಿದ್ದಾಗ, ಅದಿರಿನೊಳಗೆ ಅಂತರ್ಜಲ ಇಳಿದು ತಾನಾಗೇ ರಿಯಾಕ್ಟರ್ ಹೊತ್ತಿಕೊಂಡಿತ್ತು. ಅರ್ಧ ಗಂಟೆ ನಡೆಯುವುದು, ನೀರು ಕುದಿದು ಹೋಗಿ ನಿಲ್ಲುವುದು, ಎರಡೂವರೆ ಗಂಟೆ ಬಿಟ್ಟು ನೀರು ವಾಪಸ್ ಬಂದರೆ ಮತ್ತೆ ಶುರು.

‘ಅಲ್ಲಿ ಹೊಡೆದವರು ಯಾರು ಸಾರ್?’ ಅಂದ.

‘ಯಾರೂ ಹೊಡೆದಿಲ್ಲಪ್ಪಾ, ನೀರು ಬಂತು ಅಷ್ಟೆ.’