"ಆಕೀನ ಬಂದಾಳ್ರೀ" ಅಂದರೆ ಕೇಸು ಮುಗಿಯುತ್ತಾ?

ಸಿಂಧನೂರು, ಮಾನ್ವಿ, ಗಂಗಾವತಿ ಕಡೆ ಹದಿನಾರು, ಹದಿನೇಳರ ಹುಡುಗಿ ಮನೆ ಬಿಟ್ಟಾಗ ಠಾಣೆಯಲ್ಲಿ ಎರಡು ಮಾತು ಕೇಳಿಸುತ್ತವೆ. "ನಮ್ಮ ಹುಡುಗೀನ ತಲಿ ಕೆಡಿಸಿ ಕರಕೊಂಡು ಹೋಗ್ಯಾನ್ರಿ" ಅಂತ ಅವಳ ಅಪ್ಪ. "ಆಕೀನ ಬಂದಾಳ್ರೀ, ನಮ್ಮ ಹುಡುಗಂದೇನು ತಪ್ಪು?" ಅಂತ ಹುಡುಗನ ಕಡೆಯವರು. ರಾಯಚೂರು ಜಿಲ್ಲೆಯ ಕೋರ್ಟುಗಳಲ್ಲಿ ವಕೀಲಿಕೆ ಮಾಡುವ ನನಗೆ ಎರಡೂ ಕಡೆಯವರು ಸಿಗುತ್ತಾರೆ. ಇಬ್ಬರೂ ತಮ್ಮ ಮಾತೇ ಕೊನೆ ಅಂದುಕೊಂಡಿರುತ್ತಾರೆ. ಕಾನೂನು ಕೇಳುವುದು ಬೇರೆ. 18 ತುಂಬದ ಮಗು ಯಾರ ಸುಪರ್ದಿಯಲ್ಲಿ, ಅಂದರೆ ಯಾರ ಪಾಲನೆಯಲ್ಲಿ ಇತ್ತು? ಅವರು ಒಪ್ಪಿದ್ದರಾ? ಮಗು ಅಲ್ಲಿಂದ ಹೊರಗೆ ಬರಲಿಕ್ಕೆ ಈ ಮನುಷ್ಯ ಏನು ಮಾಡಿದ?

ಮೊದಲು ಕಲಂ ನೋಡೋಣ. ಹಳೆಯ ಭಾರತೀಯ ದಂಡ ಸಂಹಿತೆಯಲ್ಲಿ (ಐಪಿಸಿ) ಪಾಲಕರಿಂದ ಮಗುವಿನ ಅಪಹರಣ ಕಲಂ 361, ಶಿಕ್ಷೆ 363ರಲ್ಲಿತ್ತು. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಬಂದಿದೆ, ಅದರಲ್ಲಿ ಎರಡೂ ಕಲಂ 137ರಲ್ಲಿವೆ. ಮಗುವನ್ನು ಪಾಲಕರ ಒಪ್ಪಿಗೆ ಇಲ್ಲದೆ ಅವರ ಸುಪರ್ದಿಯಿಂದ ಕರೆದೊಯ್ದರೂ ಅಪಹರಣ, ಪುಸಲಾಯಿಸಿ ಹೊರಗೆ ತಂದರೂ ಅಪಹರಣ. 7 ವರ್ಷದವರೆಗೆ ಜೈಲು, ಜೊತೆಗೆ ದಂಡ. ಕೈ ಹಿಡಿದು ಎಳೆಯಬೇಕು, ಬೆದರಿಸಬೇಕು ಅಂತೇನಿಲ್ಲ. ಮಗು ನಗುತ್ತಾ ಬೈಕ್ ಹತ್ತಿದ್ದರೂ ಅಪರಾಧ ಆಗಬಹುದು. ಯಾಕಂದರೆ ಇಲ್ಲಿ ಬೇಕಾಗಿರುವುದು ಪಾಲಕರ ಒಪ್ಪಿಗೆ. ಮಗುವಿನ ಒಪ್ಪಿಗೆಗೆ ಇಲ್ಲಿ ಬೆಲೆ ಇಲ್ಲ.

ಹಾಗಾದರೆ ಪುಸಲಾಯಿಸುವುದು ಅಂದರೆ ಎಷ್ಟು ಮಾಡಿದರೆ? 1973ರ ಠಾಕೂರ್‌ಲಾಲ್ ವಡಗಾಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ. ಮಗುವಿನ ಮನಸ್ಸಿನಲ್ಲಿ ಆಸೆ ಹುಟ್ಟಿಸಿ ಸೆಳೆಯುವುದೇ ಅದು. ಆ ಸೆಳೆತ ಆ ಕ್ಷಣದಲ್ಲೇ ಕೆಲಸ ಮಾಡಬೇಕಂತಿಲ್ಲ. ಮೊದಲಿನಿಂದ ಉಡುಗೊರೆ ಕೊಟ್ಟು, ಸಲಿಗೆ ಬೆಳೆಸಿ, ಮನೆ ಬಿಡುವ ಮಟ್ಟಕ್ಕೆ ತಂದಿದ್ದರೂ ಸಾಕು. 1972ರಲ್ಲಿ ತೀರ್ಪಾದ ರಾಜಾ ರಾಮ್ ಪ್ರಕರಣದ ಆರೋಪಿ ಇನ್ನೊಬ್ಬನ ಪರವಾಗಿ 14ರ ಹುಡುಗಿಗೆ ಮಾತು ಮುಟ್ಟಿಸಿ, ಮನೆಯಿಂದ ಹೊರಗೆ ಕರೆಸಿದವನು. ಹೈಕೋರ್ಟ್ ಬಿಟ್ಟಿತ್ತು, ಸುಪ್ರೀಂ ಕೋರ್ಟ್ ಬಿಡಲಿಲ್ಲ. "ನಾನು ಬರೀ ಗಾಡಿ ತಂದೆ ಸರ್" ಅನ್ನುವ ಗೆಳೆಯರು ಇದನ್ನು ಗಮನಿಸಬೇಕು. ಹುಡುಗಿಯನ್ನು ಮನೆಯಿಂದ ಹೊರಡಿಸುವುದರಲ್ಲಿ ಅವರ ಕೈ ಎಷ್ಟಿತ್ತು ಅನ್ನುವುದರ ಮೇಲೆ ಅವರ ಗತಿ ನಿಂತಿರುತ್ತದೆ.

ಇದರ ಇನ್ನೊಂದು ಮಗ್ಗುಲೂ ಇದೆ. 1964ರಲ್ಲಿ ತೀರ್ಪಾದ ವರದರಾಜನ್ ಪ್ರಕರಣವನ್ನು ಆರೋಪಿ ಪರ ವಕೀಲರೆಲ್ಲ ಎತ್ತಿ ಹಿಡಿಯುತ್ತಾರೆ. ಮದರಾಸಿನ ಕಾಲೇಜು ಹುಡುಗಿ, 18 ತುಂಬಲು ಸ್ವಲ್ಪವೇ ಬಾಕಿ. ಅಪ್ಪ ಅವಳನ್ನು ಸಂಬಂಧಿಕರ ಮನೆಯಲ್ಲಿ ಬಿಟ್ಟಿದ್ದ. ಅವಳೇ ಫೋನ್ ಮಾಡಿ ಹುಡುಗನನ್ನು ಕರೆಸಿಕೊಂಡಳು, ಹೇಳಿದ ಜಾಗಕ್ಕೆ ತಾನೇ ನಡೆದು ಹೋದಳು, ಮದುವೆ ಆಗೋಣ ಅಂದಳು. ಅವಳ ನಿರ್ಧಾರದಲ್ಲಿ ಅವನ ಪ್ರೇರಣೆ ಇರಲಿಲ್ಲ, ಜೊತೆಗೆ ಬರಲು ಬಿಟ್ಟಿದ್ದು ಮಾತ್ರಕ್ಕೆ ಅದು ಕರೆದೊಯ್ದಂತೆ ಆಗುವುದಿಲ್ಲ ಅಂತ ಹೇಳಿ ಕೋರ್ಟ್ ಅವನನ್ನು ಬಿಡುಗಡೆ ಮಾಡಿತು. ಆದರೆ ಇದನ್ನು ಒಂಬತ್ತನೇ ಕ್ಲಾಸಿನ ಹುಡುಗಿಗೆ ತಂದು ಅಂಟಿಸಲು ಬರುವುದಿಲ್ಲ. ಮದರಾಸಿನ ಆ ಕಾಲೇಜು ಹುಡುಗಿಗೆ ತಾನು ಮಾಡುತ್ತಿರುವುದು ಏನು ಅಂತ ಪೂರ್ತಿ ಗೊತ್ತಿತ್ತು ಅನ್ನುವುದನ್ನೂ ಕೋರ್ಟ್ ಲೆಕ್ಕಕ್ಕೆ ತೆಗೆದುಕೊಂಡಿತ್ತು. 2021ರ ಅನ್ವರ್‌ಸಿಂಹ್ ಪ್ರಕರಣದಲ್ಲಿ, ಪ್ರೀತಿ ಇತ್ತು ಅನ್ನುವುದು ಅಪಹರಣಕ್ಕೆ ರಕ್ಷಣೆ ಅಲ್ಲ ಅಂತ ಸುಪ್ರೀಂ ಕೋರ್ಟ್ ಮತ್ತೆ ಹೇಳಿದೆ. ಆ ಪ್ರಕರಣದಲ್ಲಿ ಶಿಕ್ಷೆ ಕಡಿಮೆ ಮಾಡಿತು, ಅಪರಾಧ ಆಗಿಲ್ಲ ಅನ್ನಲಿಲ್ಲ. ಇನ್ನು ದೈಹಿಕ ಸಂಬಂಧ ಇದ್ದರೆ ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ಕಾಪಾಡುವ ಪೋಕ್ಸೊ ಕಾಯ್ದೆ ಬೇರೆಯಾಗೇ ಬರುತ್ತದೆ.

ಪಾಲಕರು ಯಾರು ಅನ್ನುವುದು ನಮ್ಮ ಭಾಗಕ್ಕೆ ಬಹಳ ಮುಖ್ಯ. ದೇವದುರ್ಗ, ಲಿಂಗಸುಗೂರು ಕಡೆಯಿಂದ ಅಪ್ಪ ಅವ್ವ ಬೆಂಗಳೂರಿಗೆ ಗುಳೆ ಹೋಗಿರುತ್ತಾರೆ, ಮಕ್ಕಳು ಅಜ್ಜಿ ಹತ್ತಿರ ಇರುತ್ತವೆ. ಮಗು ಕಾಣದಾದಾಗ ಅಜ್ಜಿ ಠಾಣೆಗೆ ಬಂದರೆ "ತಂದೆ ತಾಯಿ ಬರಲಿ" ಅಂತ ಕಳಿಸಬಾರದು. ಮಗುವಿನ ಆರೈಕೆಯನ್ನು ಯಾರಿಗೆ ನ್ಯಾಯಯುತವಾಗಿ ಒಪ್ಪಿಸಲಾಗಿದೆಯೋ ಅವರೂ ಪಾಲಕರೇ ಅಂತ ಕಲಂ 137ರ ವಿವರಣೆಯಲ್ಲೇ ಇದೆ. ಅಜ್ಜಿ, ಸೋದರಮಾವ, ಹಾಸ್ಟೆಲ್ ವಾರ್ಡನ್ ಎಲ್ಲರೂ ಬರಬಹುದು. ಅಪ್ಪ ಅವ್ವ ಊರಿಗೆ ಬಂದು ಮುಟ್ಟುವಷ್ಟರಲ್ಲಿ ಮಗು ಗುಂತಕಲ್ ದಾಟಿರುತ್ತದೆ, ಅಲ್ವಾ?

ಗಂಡು ಮಕ್ಕಳ ವಿಷಯದಲ್ಲಿ ಹೊಸ ಕಾನೂನು ದೊಡ್ಡ ಬದಲಾವಣೆ ತಂದಿದೆ, ಅದು ನಮ್ಮ ಊರುಗಳಿಗೆ ಇನ್ನೂ ಸರಿಯಾಗಿ ಮುಟ್ಟಿಲ್ಲ. ಐಪಿಸಿಯಲ್ಲಿ ಹುಡುಗಿಗೆ 18, ಹುಡುಗನಿಗೆ 16 ಅಂತ ಇತ್ತು. ಹದಿನೇಳರ ಹುಡುಗನನ್ನು ಮೇಸ್ತ್ರಿ ಮೊಬೈಲ್ ಆಸೆ ತೋರಿಸಿ ಇಟ್ಟಿಗೆ ಭಟ್ಟಿಗೆ ಒಯ್ದರೆ ಈ ಕಲಂ ಅನ್ವಯಿಸುತ್ತಿರಲಿಲ್ಲ. ಈಗ ಇಬ್ಬರಿಗೂ 18. ಮನೆಯವರನ್ನು ಕೇಳದೆ ಒಯ್ದರೆ ಅಪಹರಣ. ಮನೆಯವರು ಒಪ್ಪಿದ್ದರೆ? ಮುಂಗಡ ತೆಗೆದುಕೊಂಡು ಕಳಿಸಿದ್ದರೆ ಈ ಕಲಂ ನಿಲ್ಲುವುದು ಕಷ್ಟ, ಆಗ ಬಾಲಕಾರ್ಮಿಕ ಕಾಯ್ದೆ, ನ್ಯಾಯ ಸಂಹಿತೆಯಲ್ಲಿರುವ ಮಾನವ ಸಾಗಣೆಯ ಕಲಂ 143 ನೋಡಬೇಕು. ಆದರೆ "ಬೆಂಗಳೂರಲ್ಲಿ ಓದಿಸುತ್ತೇನೆ" ಅಂತ ಸುಳ್ಳು ಹೇಳಿ ಒಪ್ಪಿಸಿದ್ದರೆ ಅದು ಒಪ್ಪಿಗೆಯೇ ಅಲ್ಲ ಅಂತ ವಾದಿಸಲು ಅದೇ ಸಂಹಿತೆಯ ಕಲಂ 28 ಇದೆ.

ಮದುವೆ ಆಗಿಬಿಟ್ಟರೆ ಕೇಸು ಬಿದ್ದುಹೋಗುತ್ತದೆ ಅನ್ನುವುದು ಸುಮ್ನೆ ಹಬ್ಬಿದ ನಂಬಿಕೆ. ಗುಡಿಯಲ್ಲಿ ತಾಳಿ ಕಟ್ಟಿದರೂ, ಪಾಲಕರ ಸುಪರ್ದಿಯಿಂದ ಪುಸಲಾಯಿಸಿ ತಂದ ಮಗುವಿನ ಮದುವೆ ಬಾಲ್ಯವಿವಾಹ ನಿಷೇಧ ಕಾಯ್ದೆಯ ಕಲಂ 12ರ ಪ್ರಕಾರ ಅಸಿಂಧು, ಅಂದರೆ ಕಾನೂನಿನ ಕಣ್ಣಿಗೆ ಮದುವೆಯೇ ಅಲ್ಲ. ಕರ್ನಾಟಕದ ತಿದ್ದುಪಡಿಯಂತೂ ಬಾಲ್ಯವಿವಾಹವನ್ನೇ ಮೊದಲಿನಿಂದಲೂ ಅಸಿಂಧು ಅನ್ನುತ್ತದೆ.

ಕೋರ್ಟಿನಲ್ಲಿ ಜಾಸ್ತಿ ಜಗ್ಗಾಟ ನಡೆಯುವುದು ವಯಸ್ಸಿನ ಮೇಲೆ. ನಮ್ಮ ಕಡೆ ಶಾಲೆ ರಿಜಿಸ್ಟರ್ ತೆಗೆದರೆ ಎಷ್ಟೋ ಮಕ್ಕಳ ಹುಟ್ಟಿದ ದಿನ ಜೂನ್ 1. ದಾಖಲಾತಿಗೆ ಬಂದಾಗ ಅವ್ವನಿಗೆ ತಾರೀಖು ಗೊತ್ತಿರುವುದಿಲ್ಲ, ಮೇಷ್ಟ್ರು ಅದನ್ನೇ ಬರೆದುಬಿಡುತ್ತಾರೆ. ಹುಡುಗಿಯ ವಯಸ್ಸು 17 ವರ್ಷ 10 ತಿಂಗಳೋ, 18 ವರ್ಷ 2 ತಿಂಗಳೋ ಅನ್ನುವುದರ ಮೇಲೆ ಒಬ್ಬನ ಜೈಲು ನಿಂತಿರುವಾಗ ಆ ಜೂನ್ 1 ಎಷ್ಟು ಭಾರ ಅಂತ ಯೋಚಿಸಿ. ಬಾಲನ್ಯಾಯ ಕಾಯ್ದೆಯ ಕಲಂ 94ರಲ್ಲಿ ಕ್ರಮ ಇದೆ. ಮೊದಲು ಶಾಲೆಯ ಜನ್ಮದಿನಾಂಕದ ಪ್ರಮಾಣಪತ್ರ ಅಥವಾ ಎಸ್ಸೆಸ್ಸೆಲ್ಸಿ ಅಂಕಪಟ್ಟಿ. ಅವು ಇಲ್ಲದಿದ್ದರೆ ಪಂಚಾಯಿತಿ, ಪುರಸಭೆಯ ಜನನ ಪ್ರಮಾಣಪತ್ರ. ಅದೂ ಇಲ್ಲದಿದ್ದಾಗ ಮಾತ್ರ ಎಲುಬಿನ ಪರೀಕ್ಷೆ. ಆಧಾರ್ ಕಾರ್ಡ್ ಈ ಪಟ್ಟಿಯಲ್ಲಿಲ್ಲ.

ದೂರು ಕೊಡುವವರಿಗೆ ಒಂದೆರಡು ಮಾತು. 24 ಗಂಟೆ ಕಾಯಬೇಕು ಅನ್ನುವ ನಿಯಮ ಎಲ್ಲೂ ಇಲ್ಲ. ಕಾಣೆಯಾದ ಮಗುವಿನ ದೂರು ಬಂದರೆ ಎಫ್‌ಐಆರ್ ಮಾಡಲೇಬೇಕು ಅಂತ 2013ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ತಮ್ಮ ಹದ್ದು ಅಲ್ಲ ಅಂತ ಠಾಣೆ ವಾಪಸ್ ಕಳಿಸುವಂತಿಲ್ಲ, ಯಾವ ಠಾಣೆಯಲ್ಲಾದರೂ ದಾಖಲಿಸಬಹುದಾದ ಝೀರೋ ಎಫ್‌ಐಆರ್ ಇದೆ. ಮರ್ಯಾದೆ ಹೋಗುತ್ತದೆ ಅಂತ ವಾರಗಟ್ಟಲೆ ತಾವೇ ಹುಡುಕಿ ಆಮೇಲೆ ಬರುವ ತಂದೆ ತಾಯಿ ನನಗೆ ಬಹಳ ಸಂಕಟ ಕೊಡುತ್ತಾರೆ. ಅಷ್ಟರಲ್ಲಿ ಬಸ್ ನಿಲ್ದಾಣದ ಸಿಸಿಟಿವಿ ದೃಶ್ಯ ಅಳಿಸಿಹೋಗಿರುತ್ತದೆ. ದೂರಿನಲ್ಲಿ "ಪುಸಲಾಯಿಸಿ ಕರೆದುಕೊಂಡು ಹೋಗಿರುತ್ತಾನೆ" ಅಂತ ಒಂದೇ ಸಾಲು ಬರೆಸಿ ಬರಬೇಡಿ. ಯಾವಾಗಿನಿಂದ ಮಾತಾಡುತ್ತಿದ್ದ, ಏನು ಕೊಡಿಸಿದ, ಯಾರ ಫೋನಿನಿಂದ ಮೆಸೇಜ್ ಬರುತ್ತಿತ್ತು, ಅದೆಲ್ಲ ಬರೆಸಿ. ಸಿಟ್ಟಿಗೆ ಆ ಮೊಬೈಲ್ ಒಡೆದು ಹಾಕಬೇಡಿ, ಚಾಟ್ ಅಳಿಸಬೇಡಿ.

ಮಗು ಸಿಕ್ಕ ಮೇಲೆ ಅದಕ್ಕೆ ಬೈದು ಹೊಡೆದು ಹೇಳಿಕೆ ಕಲಿಸಬೇಡಿ. ಅದು ಆರೋಪಿ ಅಲ್ಲ, ಮ್ಯಾಜಿಸ್ಟ್ರೇಟರ ಮುಂದೆ ಆದದ್ದು ಆದ ಹಾಗೆ ಹೇಳಲಿ. ಹುಡುಕುವಾಗ ಊರಿನ ವಾಟ್ಸಾಪ್ ಗ್ರೂಪುಗಳಿಗೆ ಹಾಕಿದ ಫೋಟೋಗಳನ್ನು ಅವತ್ತೇ ತೆಗೆಸಿ. ಅಪರಾಧಕ್ಕೆ ತುತ್ತಾದ ಮಗುವಿನ ಗುರುತು ಬಯಲು ಮಾಡಿದರೆ ಬಾಲನ್ಯಾಯ ಕಾಯ್ದೆಯ ಕಲಂ 74ರಲ್ಲಿ 6 ತಿಂಗಳವರೆಗೆ ಜೈಲು ಅಥವಾ 2 ಲಕ್ಷ ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ ಇದೆ. ಆ ಮಗು ನಾಳೆ ಅದೇ ಊರಿನ ಶಾಲೆಗೆ ಹೋಗಬೇಕು.