ಸ್ಪೈಡರ್ ಮ್ಯಾನ್ ಯಾರ ಮನೆಯ ಹುಡುಗ? ಉತ್ತರ ಆಟಿಕೆ ಡಬ್ಬಿಯಲ್ಲಿದೆ

2023ರ ಜೂನ್‌ನಲ್ಲಿ ‘ಸ್ಪೈಡರ್ ಮ್ಯಾನ್: ಅಕ್ರಾಸ್ ದಿ ಸ್ಪೈಡರ್ ವರ್ಸ್’ ಕನ್ನಡದಲ್ಲೂ ಡಬ್ ಆಗಿ ಬಂತು. ನಮ್ಮ ಮನೆಯ ಹುಡುಗ ನೋಡಿ ಬಂದವನೇ ಕೇಳಿದ: “ಇದರಲ್ಲಿ ಐರನ್ ಮ್ಯಾನ್ ಗ್ಯಾಂಗ್ ಯಾಕಿಲ್ಲ? ಆ ಸ್ಪೈಡರ್ ಮ್ಯಾನ್ ಬೇರೆ, ಈ ಸ್ಪೈಡರ್ ಮ್ಯಾನ್ ಬೇರೆನಾ?” ಪ್ರಶ್ನೆ ಚಿಕ್ಕದು. ಉತ್ತರ ಹುಡುಕಿದರೆ ಸುಮಾರು 40 ವರ್ಷ ಹಿಂದಕ್ಕೆ ಹೋಗಬೇಕು. ಅವನು ಕೈಯಲ್ಲಿ ಹಿಡಿದಿದ್ದ ಗೊಂಬೆ ಹ್ಯಾಸ್ಬ್ರೋ ಕಂಪನಿಯದು. ಸಿನಿಮಾ ಸೋನಿಯದು. ಪಾತ್ರ ಮಾರ್ವೆಲ್ ಎಂಬ ಕಾಮಿಕ್ಸ್ ಕಂಪನಿಯದು. ಮಾರ್ವೆಲ್ ಡಿಸ್ನಿಯದು. ಒಂದೇ ಪಾತ್ರಕ್ಕೆ ಇಷ್ಟೊಂದು ಮನೆ!

ಈ ಗಂಟನ್ನು ಬಿಡಿಸುವವರು ಸಾಮಾನ್ಯವಾಗಿ ಸಿನಿಮಾದಿಂದ ಶುರು ಮಾಡುತ್ತಾರೆ. ನನಗೆ ಇದು ಅರ್ಥವಾಗಿದ್ದು ಆಟಿಕೆಯ ಕಡೆಯಿಂದ ನೋಡಿದಾಗ.

ಮೊದಲು ಹಳೆಯ ಕತೆಯನ್ನು ಬೇಗ ಮುಗಿಸೋಣ. 1938ರಲ್ಲಿ ಜೆರ್ರಿ ಸೀಗಲ್ ಮತ್ತು ಜೋ ಶೂಸ್ಟರ್ ಎಂಬ ಇಬ್ಬರು ಯುವಕರು ಸೂಪರ್‌ಮ್ಯಾನ್‌ನ ಹಕ್ಕನ್ನು, ಮುಂದೆ ಡಿಸಿ ಎನಿಸಿದ ಕಾಮಿಕ್ಸ್ ಕಂಪನಿಗೆ, 130 ಡಾಲರಿಗೆ ಬರೆದುಕೊಟ್ಟರು. 1962ರಲ್ಲಿ ಮಾರ್ವೆಲ್‌ನ ಸ್ಟಾನ್ ಲೀ ಮತ್ತು ಸ್ಟೀವ್ ಡಿಟ್ಕೋ 12 ಸೆಂಟ್ ಬೆಲೆಯ ಒಂದು ಪುಸ್ತಕದಲ್ಲಿ ಸ್ಪೈಡರ್ ಮ್ಯಾನ್‌ನನ್ನು ತಂದರು. ಆಗಿನ ಪದ್ಧತಿ ಸರಳ. ಕಲಾವಿದರಿಗೆ ಪುಟಕ್ಕಿಷ್ಟು ಅಂತ ಕೂಲಿ, ಪಾತ್ರ ಕಂಪನಿಗೆ. 1970ರ ದಶಕದಲ್ಲಿ ಮೆಗೋ ಕಂಪನಿ ಬಟ್ಟೆ ತೊಡಿಸಿದ 8 ಇಂಚಿನ ಸೂಪರ್ ಹೀರೋ ಗೊಂಬೆಗಳನ್ನು ಮಾರಿತು. 1977ರಲ್ಲಿ ‘ಸ್ಟಾರ್ ವಾರ್ಸ್’ ಬಂದ ಮೇಲೆ ಎಲ್ಲ ಬದಲಾಯಿತು. ಟಿಕೆಟ್‌ಗಿಂತ ಆಟಿಕೆಯಲ್ಲಿ ದುಡ್ಡು ಜಾಸ್ತಿ ಇರಬಹುದು ಅನ್ನೋದು ಎಲ್ಲರಿಗೂ ಕಾಣಿಸಿತು.

1984ರಲ್ಲಿ ಮ್ಯಾಟೆಲ್ ಕಂಪನಿ ಮಾರ್ವೆಲ್ ಗೊಂಬೆಗಳನ್ನು ತರಲು ಮುಂದಾಯಿತು. ಅದಕ್ಕೆ ಜೊತೆಯಾಗಿ ಮಾರ್ವೆಲ್ 12 ಸಂಚಿಕೆಗಳ ಒಂದು ಕಾಮಿಕ್ಸ್ ಮಾಡಿತು. ಹೆಸರು ‘ಸೀಕ್ರೆಟ್ ವಾರ್ಸ್’. ಹುಡುಗರನ್ನು ಕೂರಿಸಿ ಕೇಳಿದಾಗ ‘ಸೀಕ್ರೆಟ್’, ‘ವಾರ್ಸ್’ ಎಂಬ ಎರಡು ಪದಗಳಿಗೆ ಅವರು ಕಿವಿ ನೆಟ್ಟಗೆ ಮಾಡಿದರಂತೆ. ಹಾಗಾಗಿ ಆ ಹೆಸರು ಬಂತು ಅಂತ ಅದನ್ನು ಬರೆದ ಜಿಮ್ ಶೂಟರ್ ಆಮೇಲೆ ಹೇಳಿಕೊಂಡಿದ್ದಾರೆ. ಅಲ್ಲಿಯವರೆಗೆ ಹೆಚ್ಚಾಗಿ ಕತೆಯ ಹಿಂದೆ ಆಟಿಕೆ ಬರುತ್ತಿತ್ತು. ಈ ಸಲ ಆಟಿಕೆಗೆ ಹೊಂದುವ ಕತೆ ಬಂತು.

ಇದೇ ಹೊತ್ತಿಗೆ ಸಿನಿಮಾ ಹಕ್ಕಿನ ಗೋಜಲೂ ಶುರುವಾಯಿತು. 1985ರಲ್ಲಿ ಕ್ಯಾನನ್ ಎಂಬ ಸಿನಿಮಾ ಕಂಪನಿ ಸ್ಪೈಡರ್ ಮ್ಯಾನ್ ಹಕ್ಕನ್ನು 2,25,000 ಡಾಲರಿಗೆ ಪಡೆಯಿತು. ಸಿನಿಮಾ ಆಗಲಿಲ್ಲ. ಹಕ್ಕು ಕೈಯಿಂದ ಕೈಗೆ ಹೋಯಿತು. ಟಿವಿ ಹಕ್ಕು ಒಬ್ಬರಿಗೆ, ವಿಡಿಯೋ ಹಕ್ಕು ಇನ್ನೊಬ್ಬರಿಗೆ, ಥಿಯೇಟರ್ ಹಕ್ಕು ಮತ್ತೊಬ್ಬರಿಗೆ. ಜೇಮ್ಸ್ ಕ್ಯಾಮರೂನ್ ನಿರ್ದೇಶಿಸುತ್ತಾರೆ ಅನ್ನೋ ಸುದ್ದಿ ಬಂತು, ಅದೂ ನಿಂತುಹೋಯಿತು. ಕೊಂಡ ಕಂಪನಿಗಳು ಒಂದರ ಹಿಂದೆ ಒಂದು ದಿವಾಳಿಯಾದವು. ಉಳಿದದ್ದು ಕೋರ್ಟ್ ಕೇಸುಗಳು.

ಈಗ ಟಾಯ್ ಬಿಜ್ ವಿಷಯಕ್ಕೆ ಬರೋಣ. ಇಡೀ ಕತೆಯ ಬೀಗದ ಕೈ ಇದು ಅಂತ ನನ್ನ ನಂಬಿಕೆ.

1989ರಲ್ಲಿ ಮಾರ್ವೆಲ್ ಅನ್ನು ರಾನ್ ಪೆರೆಲ್ಮನ್ ಎಂಬ ಉದ್ಯಮಿ 8.25 ಕೋಟಿ ಡಾಲರಿಗೆ ಕೊಂಡರು. ಆಗ ಕಾಮಿಕ್ಸ್ ಪುಸ್ತಕಗಳನ್ನು ಜನ ಚಿನ್ನದ ಹಾಗೆ ಕೂಡಿಡುತ್ತಿದ್ದರು, ಮುಂದೆ ಬೆಲೆ ಬರುತ್ತದೆ ಅಂತ. 1993ರಲ್ಲಿ ಮಾರ್ವೆಲ್ ಟಾಯ್ ಬಿಜ್ ಎಂಬ ಚಿಕ್ಕ ಆಟಿಕೆ ಕಂಪನಿಯ 46 ಶೇಕಡಾ ಪಾಲು ಪಡೆಯಿತು. ಪ್ರತಿಯಾಗಿ ಕೊಟ್ಟದ್ದೇನು? ಮಾರ್ವೆಲ್ ಪಾತ್ರಗಳ ಆಟಿಕೆ ಮಾಡುವ ಹಕ್ಕು. ಅದೂ ರಾಯಲ್ಟಿ ಇಲ್ಲದೆ, ಕಾಲಮಿತಿ ಇಲ್ಲದೆ. ಆ ಹೊತ್ತಿಗೆ ಮಾರ್ವೆಲ್‌ನದೇ ಸೂಪರ್ ಹೀರೋ ಗುಂಪಾದ ‘ಎಕ್ಸ್-ಮೆನ್’ನ ಕಾರ್ಟೂನ್ ಅಮೆರಿಕದ ಟಿವಿಯಲ್ಲಿ ಜೋರಾಗಿ ಓಡುತ್ತಿತ್ತು. ಟಾಯ್ ಬಿಜ್‌ನ 5 ಇಂಚಿನ ಗೊಂಬೆಗಳು ಅಂಗಡಿಗಳಲ್ಲಿ ತುಂಬಿದವು. ಅವುಗಳ ವಿನ್ಯಾಸದ ಹಿಂದೆ ಇದ್ದವರು ಆವಿ ಅರಾದ್.

ಆಮೇಲೆ ಕಾಮಿಕ್ಸ್ ಮಾರುಕಟ್ಟೆ ಕುಸಿಯಿತು. ಕೂಡಿಟ್ಟ ಪುಸ್ತಕಕ್ಕೆ ಬೆಲೆ ಬರಲಿಲ್ಲ, ಯಾಕಂದ್ರೆ ಎಲ್ಲರ ಮನೆಯಲ್ಲೂ ಅದೇ ಪುಸ್ತಕ ಇತ್ತು. 1996ರ ಡಿಸೆಂಬರ್ 27ರಂದು ಮಾರ್ವೆಲ್ ದಿವಾಳಿ ಅರ್ಜಿ ಹಾಕಿತು. ದೊಡ್ಡ ದೊಡ್ಡ ಹಣವಂತರು ಸುಮಾರು 2 ವರ್ಷ ಜಗ್ಗಾಡಿದರು. ಕೊನೆಗೆ 1998ರಲ್ಲಿ ಕಂಪನಿ ಸಿಕ್ಕಿದ್ದು ಟಾಯ್ ಬಿಜ್‌ಗೆ. ಬಾಡಿಗೆಗಿದ್ದವರೇ ಮನೆ ಮಾಲೀಕರಾದ ಹಾಗೆ. ಅಲ್ಲಿಂದ ಮುಂದೆ ಮಾರ್ವೆಲ್ ನಡೆಸಿದವರು ಆಟಿಕೆ ವ್ಯಾಪಾರದಿಂದ ಬಂದವರು. ಅವರ ಲೆಕ್ಕದಲ್ಲಿ ಸಿನಿಮಾ ಅಂದರೆ ಅಂಗಡಿಯ ಮುಂದೆ ಹಚ್ಚಿದ ದೀಪ. ಜನ ಒಳಗೆ ಬಂದರೆ ಸಾಕು.

ಹಾಗಾಗಿ ಪಾತ್ರಗಳನ್ನು ಸಿನಿಮಾದವರಿಗೆ ಕಡಿಮೆ ಬೆಲೆಗೆ ಕೊಡುವುದು ಅವರಿಗೆ ನಷ್ಟ ಅನ್ನಿಸಲಿಲ್ಲ. ಎಕ್ಸ್-ಮೆನ್ ಆಗಲೇ ಫಾಕ್ಸ್ ಎಂಬ ಸಿನಿಮಾ ಕಂಪನಿಯ ಬಳಿ ಇತ್ತು. ಸ್ಪೈಡರ್ ಮ್ಯಾನ್ ಸೋನಿಗೆ ಹೋಯಿತು. ಸಿನಿಮಾ ಗಳಿಕೆಯ 5 ಶೇಕಡಾ ಮಾರ್ವೆಲ್‌ಗೆ, ಆಟಿಕೆ ಮತ್ತಿತರ ವಸ್ತುಗಳ ಆದಾಯದಲ್ಲಿ ಅರ್ಧರ್ಧ ಅಂತ ಆ ಒಪ್ಪಂದದ ಬಗ್ಗೆ ವರದಿಗಳಿವೆ. 2002ರಲ್ಲಿ ಆ ಸಿನಿಮಾ ಬಂತು. ಮೊದಲ ವಾರಾಂತ್ಯಕ್ಕೇ 10 ಕೋಟಿ ಡಾಲರ್ ದಾಟಿದ ಮೊದಲ ಚಿತ್ರ ಅದು. 5 ಶೇಕಡಾ ಎಷ್ಟು ಕಡಿಮೆ ಅಂತ ಮಾರ್ವೆಲ್‌ಗೆ ಗೊತ್ತಾಗಿದ್ದು ಆಗಲೇ ಇರಬೇಕು.

ಇಂಥ ಒಪ್ಪಂದಗಳಲ್ಲಿ ಇನ್ನೊಂದು ಕರಾರು ಇರುತ್ತದೆ. ಇಷ್ಟು ವರ್ಷದೊಳಗೆ ಸಿನಿಮಾ ತೆಗೆಯದಿದ್ದರೆ ಹಕ್ಕು ವಾಪಸ್. ಒಂದು ಜರ್ಮನ್ ಕಂಪನಿಯ ಬಳಿ ಮಾರ್ವೆಲ್‌ನ ಇನ್ನೊಂದು ಸೂಪರ್ ಹೀರೋ ಗುಂಪಾದ ‘ಫೆಂಟಾಸ್ಟಿಕ್ ಫೋರ್’ ಹಕ್ಕಿತ್ತು. ಅದು ಮುಗಿಯುವ ದಿನ 1992ರ ಡಿಸೆಂಬರ್ 31. ಅದಕ್ಕೆ ಮೂರು ದಿನ ಮೊದಲು ಶೂಟಿಂಗ್ ಶುರುವಾಯಿತು, ಸುಮಾರು 10 ಲಕ್ಷ ಡಾಲರ್ ಬಜೆಟ್‌ನಲ್ಲಿ. ಆ ಸಿನಿಮಾ ಬಿಡುಗಡೆಯೇ ಆಗಲಿಲ್ಲ. ನಟರು ಮನಸ್ಸಿಟ್ಟು ಮಾಡಿದ್ದರು ಪಾಪ, ತಮ್ಮ ಖರ್ಚಿನಲ್ಲಿ ಪ್ರಚಾರಕ್ಕೂ ಹೋಗಿದ್ದರು. ಒಂದೇ ಪಾತ್ರದ ಕತೆಯನ್ನು ಕೆಲವೇ ವರ್ಷದಲ್ಲಿ ಮತ್ತೆ ಮೊದಲಿಂದ ಯಾಕೆ ಹೇಳುತ್ತಾರೆ ಅಂತ ಬೇಸರ ಪಡುವವರು ಈ ಕರಾರನ್ನು ನೆನಪಿಡಬೇಕು.

ಈ ಕಾಲದ ಒಂದು ಕೇಸನ್ನು ಮಾತ್ರ ನಾನು ಸುಮ್ನೆ ದಾಟಿ ಹೋಗಲಾರೆ. ನ್ಯೂಯಾರ್ಕ್‌ನಲ್ಲಿ ಅಂತರರಾಷ್ಟ್ರೀಯ ವ್ಯಾಪಾರದ ಒಂದು ಕೋರ್ಟ್ ಇದೆ. ಟಾಯ್ ಬಿಜ್ ಚೀನಾದಿಂದ ತರಿಸಿದ ಗೊಂಬೆಗಳ ಸುಂಕದ ತಕರಾರು ಅಲ್ಲಿಗೆ ಬಂತು. ಆಗ ಅನ್ವಯಿಸಿದ್ದ ಕಾನೂನಿನಲ್ಲಿ ಎರಡು ವಿಭಾಗ ಇದ್ದವು. ಮನುಷ್ಯನ ರೂಪದ್ದಾದರೆ ‘ಡಾಲ್’, ಸುಂಕ 12 ಶೇಕಡಾ. ಮನುಷ್ಯನಲ್ಲದ ಪ್ರಾಣಿ, ರಾಕ್ಷಸ, ರೋಬಾಟ್ ಆದರೆ ‘ಟಾಯ್’, ಸುಂಕ 6.8 ಶೇಕಡಾ. ನ್ಯಾಯಾಧೀಶೆ ಜುಡಿತ್ ಬಾರ್ಜಿಲೆ ಗೊಂಬೆಗಳನ್ನು ಒಂದೊಂದಾಗಿ ನೋಡಿದರು. ಬಾಲ ಇದೆಯಾ, ರೆಕ್ಕೆ ಇದೆಯಾ, ಚರ್ಮದ ಬಣ್ಣ ಯಾವುದು? ಎಕ್ಸ್-ಮೆನ್ ಗುಂಪಿನ ವುಲ್ವರಿನ್‌ನ ಕೈಯಿಂದ ಹೊರಟ ಉಗುರುಗಳನ್ನೂ ನೋಡಿದರು. 2003ರ ಜನವರಿಯಲ್ಲಿ ತೀರ್ಪು ಬಂತು: ಎಕ್ಸ್-ಮೆನ್ ಮನುಷ್ಯರಲ್ಲ.

ಕಂಪನಿ ಗೆದ್ದಿತು. ಎಕ್ಸ್-ಮೆನ್ ಓದಿ ಬೆಳೆದವರಿಗೆ ನೋವಾಯಿತು. ಯಾಕಂದ್ರೆ 1963ರಿಂದ ಬಂದ ಆ ಕತೆಯ ಜೀವವೇ ಅದು. ನಾವು ಬೇರೆ ಥರ ಹುಟ್ಟಿರಬಹುದು, ಆದರೂ ನಾವೂ ಮನುಷ್ಯರೇ ಅಂತ ಆ ಪಾತ್ರಗಳು ಕೇಳಿಕೊಳ್ಳುತ್ತಲೇ ಇದ್ದವು. ಸುಂಕ ಉಳಿಸಲು ಹೋದ ವಕೀಲರು ತಮ್ಮ ಕೆಲಸ ಮಾಡಿದರು, ಕೋರ್ಟ್ ತನ್ನ ಮುಂದಿದ್ದ ಕಾನೂನನ್ನು ಓದಿತು. ಆದರೂ ಆ ಪಾತ್ರಗಳ ಪರವಾಗಿ ಅಲ್ಲಿ ಯಾರೂ ಇರಲಿಲ್ಲವಲ್ಲ ಅಂತ ನನಗೆ ಇಂದಿಗೂ ಅನ್ನಿಸುತ್ತದೆ.

ಮುಂದಿನದು ಹೆಚ್ಚಿನವರಿಗೆ ಗೊತ್ತಿರುವ ಕತೆ. 2005ರಲ್ಲಿ ಮಾರ್ವೆಲ್ ತನ್ನ ಬಳಿ ಉಳಿದಿದ್ದ 10 ಪಾತ್ರಗಳ ಸಿನಿಮಾ ಹಕ್ಕನ್ನು ಅಡವಿಟ್ಟು 52.5 ಕೋಟಿ ಡಾಲರ್ ಸಾಲಕ್ಕೆ ಏರ್ಪಾಡು ಮಾಡಿಕೊಂಡಿತು. ಮೊದಲು ಯಾವ ಪಾತ್ರ? ಇಲ್ಲೂ ಮಕ್ಕಳನ್ನು ಕೂರಿಸಿ, ಯಾರ ಗೊಂಬೆ ಬೇಕು ಅಂತ ಕೇಳಿದರು ಅನ್ನುವ ವರದಿಗಳಿವೆ. ಮಕ್ಕಳು ಐರನ್ ಮ್ಯಾನ್ ಅಂದರು. 2008ರಲ್ಲಿ ಆ ಸಿನಿಮಾ ಗೆದ್ದಿತು. 2009ರಲ್ಲಿ ಡಿಸ್ನಿ 400 ಕೋಟಿ ಡಾಲರ್ ಕೊಟ್ಟು ಮಾರ್ವೆಲ್ ಅನ್ನು ಕೊಳ್ಳುವ ಘೋಷಣೆ ಮಾಡಿತು.

ಈಗ ನಮ್ಮ ಹುಡುಗನ ಪ್ರಶ್ನೆಗೆ ಉತ್ತರ. 2011ರಲ್ಲಿ ಸೋನಿ ತನ್ನ ಪಾಲಿನ ಆಟಿಕೆ ಆದಾಯವನ್ನು ಡಿಸ್ನಿಗೆ ಬಿಟ್ಟುಕೊಟ್ಟಿತು, ಸಿನಿಮಾವನ್ನು ತನ್ನಲ್ಲೇ ಇಟ್ಟುಕೊಂಡಿತು. ಅಂದರೆ ಸ್ಪೈಡರ್ ಮ್ಯಾನ್ ತೆರೆ ಮೇಲೆ ಹಾರಿದರೆ ಸೋನಿಗೆ ಲಾಭ, ಅಂಗಡಿಯಲ್ಲಿ ಗೊಂಬೆಯಾಗಿ ನಿಂತರೆ ಡಿಸ್ನಿಗೆ ಲಾಭ. ಒಬ್ಬರ ಸಿನಿಮಾ ಚೆನ್ನಾಗಿ ಓಡಿದರೆ ಇನ್ನೊಬ್ಬರ ಆಟಿಕೆ ಚೆನ್ನಾಗಿ ಮಾರಾಟವಾಗುತ್ತದೆ, ಅಲ್ವಾ? ಸೋನಿಯ ಸ್ಪೈಡರ್ ಮ್ಯಾನ್ ಮಾರ್ವೆಲ್ ಸಿನಿಮಾಗಳಲ್ಲೂ ಬರಬಹುದು ಎಂಬ 2015ರ ಒಪ್ಪಂದ ಸಾಧ್ಯವಾಗಿದ್ದಕ್ಕೆ ಇದೂ ಒಂದು ಕಾರಣ. ಹಾಗಾಗಿ 2016ರಲ್ಲಿ ಅವನು ಐರನ್ ಮ್ಯಾನ್ ಜೊತೆ ಕಾಣಿಸಿಕೊಂಡ. 2019ರಲ್ಲಿ ಆ ಒಪ್ಪಂದ ಕೆಲವು ವಾರ ಮುರಿದುಬಿತ್ತು, ಮತ್ತೆ ಕೂಡಿಕೊಂಡಿತು. ಅದೇ ವರ್ಷ ಡಿಸ್ನಿ ಫಾಕ್ಸ್ ಅನ್ನು ಕೊಂಡಿದ್ದರಿಂದ ಎಕ್ಸ್-ಮೆನ್, ಫೆಂಟಾಸ್ಟಿಕ್ ಫೋರ್ ವಾಪಸ್ ಬಂದವು. ಕನ್ನಡಕ್ಕೆ ಡಬ್ ಆದ ಆ ಅನಿಮೇಷನ್ ಚಿತ್ರ ಸೋನಿಯ ಸ್ವಂತದ್ದು, ಆ ಒಪ್ಪಂದದ ಹೊರಗಿನದು.

ಆಟಿಕೆ ಲೆಕ್ಕ ಕತೆಯೊಳಗೂ ಕೈ ಹಾಕಿದೆ. ‘ಐರನ್ ಮ್ಯಾನ್ 3’ರ ಖಳ ಪಾತ್ರ ಮೊದಲು ಹೆಣ್ಣಾಗಿತ್ತು, ಆ ಗೊಂಬೆ ಮಾರಾಟವಾಗದು ಅಂತ ಬದಲಿಸಬೇಕಾಯಿತು ಎಂದು ನಿರ್ದೇಶಕ ಶೇನ್ ಬ್ಲ್ಯಾಕ್ 2016ರಲ್ಲಿ ಹೇಳಿದರು. 2015ರ ಅವೆಂಜರ್ಸ್ ಸಿನಿಮಾದಲ್ಲಿ ಬ್ಲ್ಯಾಕ್ ವಿಡೋ ವಿಮಾನದಿಂದ ಬೈಕ್ ಸಮೇತ ಕೆಳಗೆ ಧುಮುಕುತ್ತಾಳೆ. ಅದೇ ದೃಶ್ಯದ ಆಟಿಕೆ ಬಂತು. ಬೈಕ್ ಮೇಲೆ ಕ್ಯಾಪ್ಟನ್ ಅಮೆರಿಕ ಕೂತಿದ್ದ. ಆ ಡಬ್ಬಿ ತೆರೆದ ಹೆಣ್ಣುಮಗುವಿಗೆ ಏನು ಹೇಳೋದು?

ಇಷ್ಟೆಲ್ಲ ಕೊಡು-ಕೊಳ್ಳುವಿಕೆಯಲ್ಲಿ ಕತೆ, ಚಿತ್ರ ಬರೆದವರು ಯಾವ ಮೇಜಿನ ಮುಂದೆಯೂ ಕೂತಿರಲಿಲ್ಲ. ಸೀಗಲ್ ಮತ್ತು ಶೂಸ್ಟರ್‌ಗೆ 1975ರಲ್ಲಿ, ಇಳಿವಯಸ್ಸಿನಲ್ಲಿ, ವರ್ಷಕ್ಕೆ ತಲಾ 20,000 ಡಾಲರ್ ಪಿಂಚಣಿ ಸಿಕ್ಕಿತು, ಸೂಪರ್‌ಮ್ಯಾನ್ ಸೃಷ್ಟಿಸಿದವರು ಎಂಬ ಹೆಸರೂ ವಾಪಸ್ ಬಂತು. ಎಕ್ಸ್-ಮೆನ್ ಚಿತ್ರಿಸಿದ ಜ್ಯಾಕ್ ಕರ್ಬಿಯ ಮಕ್ಕಳ ಕೇಸು 2014ರಲ್ಲಿ, ಸುಪ್ರೀಂ ಕೋರ್ಟ್ ಬಾಗಿಲಲ್ಲಿ, ರಾಜಿಯಾಯಿತು. ಡಿಟ್ಕೋ 2018ರಲ್ಲಿ ತೀರಿಕೊಂಡರು. ಆ ಕೆಂಪು-ನೀಲಿ ಉಡುಪು, ಜೇಡರ ಬಲೆ, ಮುಖವೆಲ್ಲ ಮುಚ್ಚಿದ ಮುಸುಕು ಅವರ ಕೈಯಲ್ಲಿ ಮೂಡಿದ್ದು. 2021ರಲ್ಲಿ ಅವರ ಕಡೆಯವರು ಸ್ಪೈಡರ್ ಮ್ಯಾನ್ ಹಕ್ಕು ವಾಪಸ್ ಬೇಕೆಂದು ನೋಟಿಸ್ ಕೊಟ್ಟರು. ಎರಡು ವರ್ಷ ಕೇಸು ನಡೆಯಿತು. 2023ರ ಡಿಸೆಂಬರ್‌ನಲ್ಲಿ ಅದೂ ಕೋರ್ಟಿನ ಹೊರಗೆ ಇತ್ಯರ್ಥವಾಯಿತು.